ಸ್ರೆತೆನ್ ಕೇಳದ ಪ್ರಶ್ನೆ

ಸ್ರೆತೆನ್ ಅವರಿಗೆ ಎಪ್ಪತ್ತೊಂಬತ್ತು. ಸರ್ಬಿಯಾದ ನೊವಿ ಸಾದ್‌ನಲ್ಲಿ ಯುವಕರಾಗಿದ್ದಾಗ ಕಥೆಯೇ ಇಲ್ಲದ ಏಳು ಚಿಕ್ಕ ಸಿನಿಮಾಗಳನ್ನು ಮಾಡಿದ್ದರು. ಒಂದರಲ್ಲಿ ಹೆಂಗಸೊಬ್ಬಳು ಹದಿನಾಲ್ಕು ನಿಮಿಷ ಕಿಟಕಿ ಒರೆಸುತ್ತಾಳೆ, ಅಷ್ಟೇ. ಅದನ್ನು ಸರ್ಕಾರ ತಡೆಹಿಡಿದ ಮೇಲೆ ದೇಶ ಬಿಟ್ಟರು. ಅಮೆರಿಕದ ಬೇ ಏರಿಯಾದ ಒಂದು ಕಾಲೇಜಿನಲ್ಲಿ ಮೂವತ್ತೊಂದು ವರ್ಷ ಸಿನಿಮಾ ಪಾಠ ಹೇಳಿದರು. ಕಳೆದ ವರ್ಷ ಅವರ ಶನಿವಾರದ ತರಗತಿಗೆ ಸೇರಿದವರು ಮೂವರೇ. ಕಾಲೇಜು ತರಗತಿಯನ್ನೇ ರದ್ದು ಮಾಡಿತು. ಆಮೇಲೂ ಯೂನಿಯನ್ ಸಿಟಿಯ ಅವರ ಅಪಾರ್ಟ್‌ಮೆಂಟಿಗೆ ಪಾಠಕ್ಕೆ ಬರುತ್ತಿದ್ದವಳು ವಿಜಯಶ್ರೀ ಒಬ್ಬಳೇ.

ಗದಗಿನ ವಿಜಯಶ್ರೀ ಸಾಂಟಾ ಕ್ಲಾರಾದ ಚಿಪ್ ಕಂಪನಿಯೊಂದರಲ್ಲಿ ಎಂಜಿನಿಯರ್. ಮಗಳು ಬಾಸ್ಟನ್ನಿನಲ್ಲಿ ಓದುತ್ತಿದ್ದಳು. ಸಿನಿಮಾದ ಹುಚ್ಚೇನೂ ವಿಜಯಶ್ರೀಗೆ ಇರಲಿಲ್ಲ. ಶನಿವಾರ ಎರಡು ಗಂಟೆ ಹೊತ್ತು ಯಾರಾದರೂ ಎದುರಿಗಿರಲಿ ಎಂದು ಸೇರಿದ್ದಳು.

ಒಂದು ದಿನ ಸ್ರೆತೆನ್ ತಮ್ಮ ಕಿಟಕಿಯಿಂದ ಚಿತ್ರೀಕರಿಸಿದ್ದ ರೈಲು ನಿಲ್ದಾಣದ ದೃಶ್ಯ ತೋರಿಸಿದರು. ಜನ ರೈಲಿಳಿದು ಕಾರು ಹತ್ತಿ ಹೋಗುತ್ತಿದ್ದರು.

"ಇದಕ್ಕೊಂದು ದನಿ ಬೇಕು," ಎಂದರು ಇಂಗ್ಲಿಷಿನಲ್ಲಿ. "ನಿಮ್ಮ ಭಾಷೆಯಲ್ಲಿ ಮಾತಾಡಿ. ನನಗೆ ಅರ್ಥ ಆಗಬಾರದು."

ಮೈಕಿನ ಮುಂದೆ ಕೂತು ಅವಳು ಮೊದಲು ಹೆದ್ದಾರಿಯ ಟ್ರಾಫಿಕ್ಕಿನ ಬಗ್ಗೆ ಹೇಳಿದಳು. ಆಮೇಲೆ ತನಗೇ ತಿಳಿಯದಂತೆ ಬೇರೆಯದು ಬಾಯಿಗೆ ಬಂತು.

"ಅವ್ವಾ, ನಿನ್ನ ಅಳಿಯ ಮನಿ ಬಿಟ್ಟು ಎಂಟು ವರ್ಷ ಆತು. ನಾ ನಿನಗ ಹೇಳೇ ಇಲ್ಲ. ಪ್ರತಿ ಐತವಾರ ಫೋನ್ ಮಾಡಿದಾಗ, ಅವರು ಆಫೀಸಿನ್ಯಾಗ ಅದಾರ ಅಂತೀನಿ. ಐತವಾರ ಎಂಥಾ ಆಫೀಸು ಅಂತ ನೀ ಒಮ್ಮೆನೂ ಕೇಳ್ಲಿಲ್ಲ."

ಲೈಬ್ರರಿಯೊಂದರ ಚಿಕ್ಕ ಹಾಲ್‌ನಲ್ಲಿ ಸಿನಿಮಾ ತೋರಿಸಿದರು. ಒಂಬತ್ತು ಜನ ಬಂದಿದ್ದರು. ಯಾರಿಗೂ ಕನ್ನಡ ಬಾರದು. ಚಪ್ಪಾಳೆ ತಟ್ಟಿ, ಕಾಫಿ ಕುಡಿದು ಹೊರಟರು.

ಮೂರು ಶನಿವಾರ ಕಳೆದ ಮೇಲೆ ವಿಜಯಶ್ರೀಯೇ ಬಾಯಿಬಿಟ್ಟಳು. "ನಾನು ಏನು ಹೇಳಿದೆ ಅಂತ ನೀವು ಕೇಳಲೇ ಇಲ್ಲ."

"ಕಿಟಕಿ ಒರೆಸೋ ಹೆಂಗಸಿನ ಸಿನಿಮಾದಲ್ಲಿ ನೀನು ಏನು ಹೇಳ್ತಿದ್ದೀಯ ಅಂತ ಅಧಿಕಾರಿಗಳು ನನ್ನನ್ನ ಆರು ಗಂಟೆ ಕೂರಿಸಿ ಕೇಳಿದ್ರು," ಎಂದರು ಸ್ರೆತೆನ್. "ಯಾರನ್ನೂ ಹಾಗೆ ಕೇಳಬಾರದು ಅಂತ ಅವತ್ತೇ ತೀರ್ಮಾನ ಮಾಡಿದೆ."

"ಅವರು ಕೇಳಿದ್ದು ಬೇರೆ. ನಾನು ಕಾಯ್ತಾ ಇದ್ದೆ."

ಸ್ರೆತೆನ್ ಕುರ್ಚಿಯನ್ನು ಹತ್ತಿರಕ್ಕೆ ಎಳೆದುಕೊಂಡು, "ಏನು ಹೇಳಿದಿರಿ?" ಎಂದರು.

ಇಂಗ್ಲಿಷಿನಲ್ಲಿ ಅದು ಮೂರೇ ವಾಕ್ಯವಾಯಿತು. ಅವಳು ಹೊರಟಾಗ ಸ್ರೆತೆನ್ ಎಂದೂ ಇಲ್ಲದಂತೆ ಲಿಫ್ಟಿನವರೆಗೂ ಬಂದರು.

ಮರುದಿನ ಬೆಳಿಗ್ಗೆ ಅವಳು ಗದಗಿಗೆ ಫೋನ್ ಮಾಡಿ ಎಲ್ಲವನ್ನೂ ಹೇಳಿದಳು.

"ಒಬ್ಬಾಕೀನೇ ಇದ್ರ ಏನ್ ಅಡಗಿ ಮಾಡ್ಕೋತಿ?" ಎಂದು ತಾಯಿ ಈರವ್ವ ಕೇಳಿದಳು.

ವಿಜಯಶ್ರೀ ಫೋನ್ ಕಿವಿಗಿಟ್ಟುಕೊಂಡೇ ಫ್ರಿಜ್ಜಿನ ಬಾಗಿಲು ತೆಗೆದು, ಒಳಗಿದ್ದುದನ್ನು ಒಂದೊಂದಾಗಿ ಹೇಳತೊಡಗಿದಳು.