ನಾಲ್ಕು ಜನ ಕೂತಾಗಿನ ಎತ್ತರ

ಚುವಾಕಾಲ್ ಊರಿನಲ್ಲಿ ರಸ್ತೆಗೆ ಅಡ್ಡ ಕಟ್ಟಿದ್ದ ಹಂಪಿನ ಮೇಲೆ ಕಾರಿನ ಹೊಟ್ಟೆ ಬಡಿದಾಗಲೆಲ್ಲ ಓತಿಲಿಯಾ ಕಣ್ಣು ಮುಚ್ಚಿ ಕುತ್ತಿಗೆಯ ಬುಡದಲ್ಲಿ ಕೈ ಇಟ್ಟುಕೊಳ್ಳುತ್ತಿದ್ದಳು. ಡಯಾಲಿಸಿಸ್‌ಗಾಗಿ ಹಾಕಿದ ನಳಿಗೆ ಅಲ್ಲಿ ಚರ್ಮದೊಳಗೆ ಇಳಿದಿತ್ತು. ನೋವು ಎಂದು ಅವಳು ಬಾಯಿಬಿಟ್ಟು ಹೇಳಿದವಳಲ್ಲ. ಪಕ್ಕದಲ್ಲಿ ಸ್ಟಿಯರಿಂಗ್ ಹಿಡಿದು ಕೂತ ಗಂಡ ಪೋಲೊಗೆ ಆ ಕೈ ಕಾಣುತ್ತಿತ್ತು, ಅಷ್ಟು ಸಾಕಾಗಿತ್ತು.

ಸೋಮವಾರ, ಬುಧವಾರ, ಶುಕ್ರವಾರ ಅವರು ಬೆಟ್ಟದ ಮೇಲಿನ ತಮ್ಮ ಊರಿನಿಂದ ಶೆಲಾ ನಗರದ ಆಸ್ಪತ್ರೆಗೆ ಹೋಗಬೇಕಿತ್ತು. ಬೆಳಗ್ಗೆ ಹೊರಟರೆ ತಿರುಗಿ ಬರುವಾಗ ಸಂಜೆ ನಾಲ್ಕು. ಹಿಂದಿನ ಸೀಟಿನಲ್ಲಿ ಅದೇ ಬೀದಿಯ ಇನ್ನಿಬ್ಬರು ರೋಗಿಗಳು: ಮಗ್ಗ ನೇಯುತ್ತಿದ್ದ ವಿಧವೆ ಚೋನಾ ಮತ್ತು ದರ್ಜಿ ನೆಸ್ತೋರ್. ಅವರನ್ನು ಕರೆದುಕೊಂಡು ಹೋಗುವವರು ಯಾರೂ ಇರಲಿಲ್ಲ. ಬಸ್ಸಿನಲ್ಲಿ ನಿಂತು ಬರುವ ಶಕ್ತಿ ಅವರಿಗಿರಲಿಲ್ಲ.

ಕಾರು ಅಳಿಯ ಉತ್ತರದ ದೇಶದಿಂದ ತರಿಸಿಕೊಟ್ಟದ್ದು. ಹೊರಗಿನಿಂದ ನೋಡಿದರೆ ಜೀಪಿನ ಗತ್ತು, ಅಡಿಗೆ ಬಗ್ಗಿ ನೋಡಿದರೆ ಸಾಧಾರಣ ಕಾರು. ದಾರಿಯಲ್ಲಿ ಹನ್ನೊಂದು ಹಂಪುಗಳಿದ್ದವು. ಹತ್ತನ್ನು ಅದು ಹೇಗೋ ದಾಟುತ್ತಿತ್ತು. ಚುವಾಕಾಲ್‌ನದು ಮಾತ್ರ ಸರ್ಕಾರದವರು ಹಾಕಿದ್ದಲ್ಲ, ಊರವರೇ ಸಿಮೆಂಟು ಕಲಸಿ ಕಟ್ಟಿದ್ದು. ರಸ್ತೆಗೆ ಅಡ್ಡಲಾಗಿ ಮಲಗಿಸಿದ ಗೋಡೆಯ ಹಾಗಿತ್ತು. ಇಬ್ಬರಿದ್ದರೆ ಕಾರು ಅದಕ್ಕೆ ಕೆರೆದುಕೊಂಡು ದಾಟುತ್ತಿತ್ತು, ನಾಲ್ವರಿದ್ದರೆ ಬಡಿಯುತ್ತಿತ್ತು.

ಹಾಗಾಗಿ ಪೋಲೊ ಅಲ್ಲಿ ನಿಲ್ಲಿಸಿ ಹಿಂದಿನವರನ್ನು ಇಳಿಸುವುದನ್ನು ರೂಢಿ ಮಾಡಿಕೊಂಡಿದ್ದ. ಅವರು ನಡೆದು ಆಚೆ ಬರಬೇಕು, ಇವನು ಕಾರು ದಾಟಿಸಿ ಕಾಯಬೇಕು.

"ನಾನು ಇಳಿದ್ರೆ ನಿನ್ನ ಕಾರು ಹಕ್ಕಿ ಹಾಗೆ ಹಾರಿಬಿಡುತ್ತೆ ನೋಡು, ಪೋಲೊ. ಮೂರೂ ಜನದ ತೂಕ ನಾನೊಬ್ಬಳೇ ಇದೀನಿ" ಎಂದು ಚೋನಾ ಇಳಿಯುವಾಗ ಹೇಳುತ್ತಿದ್ದಳು.

ಬೆಳಗ್ಗೆ ಇದು ನಡೆಯುತ್ತಿತ್ತು. ಸಂಜೆಯ ಮಾತು ಬೇರೆ. ನಾಲ್ಕು ಗಂಟೆ ಯಂತ್ರಕ್ಕೆ ಮೈಯೊಡ್ಡಿ ಬಂದವರಿಗೆ ಕಾಲೇ ನಿಲ್ಲುತ್ತಿರಲಿಲ್ಲ. ಮಾರ್ಚ್‌ನ ಒಂದು ಬುಧವಾರ ನೆಸ್ತೋರ್ ಕಾರಿನಿಂದ ಇಳಿದು ನಾಲ್ಕು ಹೆಜ್ಜೆ ಹಾಕಿದವನು ಹಂಪಿನ ಪಕ್ಕದಲ್ಲೇ ಕುಸಿದುಬಿದ್ದ. ಹಣೆ ಕಲ್ಲಿಗೆ ತಗುಲಿ ರಕ್ತ ಬಂತು.

ರಸ್ತೆಯಂಚಿನಲ್ಲಿ ಜೋಳದ ಗಂಜಿ ಮಾರುತ್ತಿದ್ದ ಹೆಂಗಸು ಕುರ್ಚಿ ಹಿಡಿದು ಓಡಿಬಂದಳು. ನೆಸ್ತೋರ್‌ನನ್ನು ಎತ್ತಿ ಕೂರಿಸಿ, ತಲೆಗೆ ಹೊದ್ದ ಬಟ್ಟೆಯ ತುದಿಯಿಂದ ಹಣೆ ಒರೆಸಿದಳು. ನಲವತ್ತರ ಆಸುಪಾಸಿನ, ತೆಳ್ಳಗಿನ ಹೆಂಗಸು. ಪೋಲೊಗೆ ಹೆದರಿಕೆಯೆಲ್ಲ ಸಿಟ್ಟಾಗಿ ತಿರುಗಿತ್ತು.

"ಈ ಹಂಪು ಕಟ್ಟಿದವರು ಯಾರಮ್ಮ?"

"ನಾವೇ."

"ಇಷ್ಟು ಎತ್ತರ ಕಟ್ಟೋಕೆ ಯಾರು ಹೇಳಿದ್ದು?"

"ನಾನು ಹೇಳಿದ್ದು" ಎಂದಳು ಅವಳು. ನೆಸ್ತೋರ್‌ನ ಹಣೆಯ ಮೇಲಿಂದ ಕೈ ತೆಗೆಯಲಿಲ್ಲ. "ಇಲ್ಲಿ ನನ್ನ ಮಗಳಿಗೆ ಬಸ್ಸು ಬಡೀತು, ತಾತ. ಮಿಕಾಯೆಲಾ ಅಂತ. ಏಳು ವರ್ಷ. ಅವಳನ್ನ ಮಣ್ಣು ಮಾಡಿದ ಮರುವಾರ ಊರವರೆಲ್ಲ ಸೇರಿ ಇದನ್ನ ಕಟ್ಟಿದ್ರು. ಮೊದಲು ಕಟ್ಟಿದ್ದು ಚಿಕ್ಕದಿತ್ತು, ಬಸ್ಸಿನವರು ಲೆಕ್ಕಕ್ಕೇ ಇಟ್ಟುಕೊಳ್ಳಲಿಲ್ಲ. ಒಡೆದು ದೊಡ್ಡದು ಕಟ್ಟಿ ಅಂತ ನಾನೇ ಹೇಳ್ದೆ."

ಪೋಲೊ ನೆಸ್ತೋರ್‌ನ ತೋಳು ಹಿಡಿದು ಎಬ್ಬಿಸಿ ಕಾರಿಗೆ ಹತ್ತಿಸಿದ.

"ನಿಮ್ಮ ಕಾರು ಕುಳ್ಳಾದ್ರೆ ಕಾರನ್ನ ಎತ್ತರ ಮಾಡಿಸಿಕೊಳ್ಳಿ" ಎಂದು ಅವಳು ಕುರ್ಚಿ ಎತ್ತಿಕೊಂಡು ಹೋದಳು. ಅವಳ ಹೆಸರು ಕತಾರಿನಾ ಎಂದು ಚೋನಾ ಆಮೇಲೆ ಹೇಳಿದಳು.

ಶನಿವಾರ ಪೋಲೊ ಬಾಲ್ತಸಾರ್‌ನ ಗ್ಯಾರೇಜಿಗೆ ಹೋದ. ಪೋಲೊ ಬಸ್ಸು ಓಡಿಸುತ್ತಿದ್ದ ಕಾಲದಲ್ಲಿ ಬಾಲ್ತಸಾರ್ ಅವನ ಕ್ಲೀನರ್ ಆಗಿದ್ದವನು. ಈಗ ತಲೆ ನರೆತ ಮೆಕ್ಯಾನಿಕ್, ಆದರೂ ಪೋಲೊನ ಹೆಸರಿಗೆ ಗೌರವದ ‘ದೊನ್’ ಸೇರಿಸಿಯೇ ಕರೆಯುತ್ತಿದ್ದ.

"ಒಂದು ಗೇಣು ಎತ್ತರಿಸಿಬಿಡು" ಎಂದ ಪೋಲೊ.

"ಗೇಣು ಗೀಣು ಆಮೇಲೆ. ದಿನಾ ಯಾರ್ಯಾರು ಕೂರ್ತಾರೋ ಅವರನ್ನೆಲ್ಲ ಮೊದಲು ಕರ್ಕೊಂಡು ಬಾ, ದೊನ್ ಪೋಲೊ."

"ಯಾಕೆ, ಮದುವೆ ಊಟ ಹಾಕಿಸ್ತೀಯಾ?"

"ಖಾಲಿ ಕಾರಿನ ಎತ್ತರ ತಗೊಂಡು ನಾನೇನು ಮಾಡಲಿ? ಖಾಲಿ ಕಾರು ಎಲ್ಲಿಗೂ ಹೋಗಲ್ಲ."

ಮೂವರೂ ಬಂದರು. ನೆಸ್ತೋರ್‌ನ ಹಣೆಗೆ ಪಟ್ಟಿ ಇತ್ತು. ಎಲ್ಲರೂ ತಮ್ಮ ತಮ್ಮ ಜಾಗದಲ್ಲಿ ಕೂತರು. ಪೋಲೊ ಸ್ಟಿಯರಿಂಗ್ ಹಿಂದೆ ಕೂತ. ಬಾಲ್ತಸಾರ್ ಚೀಲ ಹಾಸಿ ಅಂಗಾತ ಮಲಗಿ ಟೇಪು ಹಿಡಿದು ಕಾರಿನಡಿ ತೂರಿಕೊಂಡ.

"ಏನಪ್ಪಾ, ನನ್ನಡಿಗೆ ಮಲಗಿದೀಯ. ಸ್ಪ್ರಿಂಗು ಮುರಿದ್ರೆ ನಿನ್ನ ಹೆಂಡತಿಗೆ ನಾನೇನು ಹೇಳಲಿ?" ಎಂದು ಚೋನಾ ಕೇಳಿದಳು.

"ನೀನು ಉಸಿರು ಬಿಗಿಹಿಡ್ಕೊಂಡು ಕೂತ್ಕೋ ತಾಯಿ, ಸಾಕು."

ಓತಿಲಿಯಾ ನಕ್ಕಳು. ಎಷ್ಟೋ ದಿನದ ಮೇಲೆ ನಕ್ಕಿದ್ದಳು. ಪೋಲೊ ಓರೆಗಣ್ಣಲ್ಲಿ ಅದನ್ನು ನೋಡಿದ.

ಬಾಲ್ತಸಾರ್ ಹೊರಬಂದು ಕೈ ಒರೆಸಿಕೊಂಡ. ಖಾಲಿ ಕಾರಿಗೆ ನೆಲದಿಂದ ಹತ್ತೊಂಬತ್ತು ಸೆಂಟಿಮೀಟರ್ ಎತ್ತರ ಇತ್ತು. ನಾಲ್ವರು ಕೂತಾಗ ಹದಿನಾಲ್ಕು. ಸ್ಪ್ರಿಂಗುಗಳು ಸುಸ್ತಾಗಿದ್ದವು, ಹಿಂದಿನವು ಪೂರ್ತಿ ಕುಗ್ಗಿದ್ದವು. ಎಂಜಿನ್ನಿನ ಅಡಿಯ ತಗಡು ಬಾಗಿ ಜೋತುಬಿದ್ದಿತ್ತು. ಸೈಲೆನ್ಸರ್ ಕೊಳವೆಯನ್ನು ಬಿಗಿದಿದ್ದ ಕ್ಲಾಂಪು ಎಲ್ಲಕ್ಕಿಂತ ತಗ್ಗಿನಲ್ಲಿತ್ತು. ಡಿಕ್ಕಿಯಲ್ಲಿ ಪೋಲೊ ಬಸ್ಸಿನ ಕಾಲದ ಸರಪಳಿ, ಜಾಕು, ಕಬ್ಬಿಣದ ಸಾಮಾನೆಲ್ಲ ತುಂಬಿಕೊಂಡು ತಿರುಗುತ್ತಿದ್ದ.

"ಇದನ್ನೆಲ್ಲ ಮೊದಲು ಮನೇಲಿ ಇಳಿಸು. ತಗಡು, ಕೊಳವೆ ಮೇಲಕ್ಕೆ ಎಳೆದು ಕಟ್ಟಿದ್ರೆ ಒಂದು ಸೆಂಟಿಮೀಟರ್ ಸಿಗುತ್ತೆ. ಭಾರ ತಡೆಯೋ ಹೊಸ ಸ್ಪ್ರಿಂಗು ಹಾಕಿದ್ರೆ ಇನ್ನು ಎರಡು. ಟೈರು ಒಂದು ಸೈಜು ದೊಡ್ಡದು ಹಾಕಿದ್ರೆ ಮತ್ತೊಂದು."

"ಸ್ಪ್ರಿಂಗಿನ ಮೇಲೆ ದಪ್ಪ ಬಿಲ್ಲೆ ಇಟ್ಟು ಎತ್ತರಿಸ್ತಾರಲ್ಲ, ಅದು?"

"ಇಡಬಹುದು. ಗ್ರೌಂಡ್ ಕ್ಲಿಯರೆನ್ಸ್ ಜಾಸ್ತಿ ಆಗುತ್ತೆ ಅಂತ ಎಲ್ಲರೂ ಕೇಳ್ಕೊಂಡು ಬರ್ತಾರೆ. ಚಕ್ರಕ್ಕೆ ಹೋಗೋ ಕಡ್ಡಿ ಸೊಟ್ಟಗೆ ತಿರುಗ್ತಾ ಇರುತ್ತೆ, ಬೇಗ ಸವೀತದೆ. ಅದಿರಲಿ, ಕಾರಿನ ಭಾರ ಮೇಲಕ್ಕೆ ಹೋಗುತ್ತೆ. ಕಣಿವೆ ತಿರುವಿನಲ್ಲಿ ಆಲೂಗಡ್ಡೆ ಲಾರಿ ಎದುರು ಬಂತು, ನೀನು ಸರ್ರನೆ ಸ್ಟಿಯರಿಂಗ್ ಎಳೆದೆ ಅಂತಿಟ್ಟುಕೋ. ಪಲ್ಟಿ ಹೊಡೆದ್ರೆ ಒಳಗಿರೋರು ಯಾರು?" ಎಂದ ಬಾಲ್ತಸಾರ್. "ನಾನು ಇಡಲ್ಲ, ದೊನ್ ಪೋಲೊ. ಬೇರೆ ಯಾರ ಹತ್ರಾನಾದ್ರೂ ಮಾಡಿಸ್ತೀನಿ ಅಂದ್ರೆ ನಿನ್ನ ಕಾಲು ಹಿಡ್ಕೋತೀನಿ."

ಅಲ್ಲಿಗೆ ಆ ಮಾತು ಮುಗಿಯಿತು. ಕೆಲಸ ಎರಡು ದಿನ ಹಿಡಿಯಿತು. ಮತ್ತೆ ನಾಲ್ವರನ್ನೂ ಕೂರಿಸಿ ಅಳೆದಾಗ ಹದಿನೆಂಟು ಬಂತು. ಚುವಾಕಾಲ್ ಹಂಪು ಇಪ್ಪತ್ತು. ಉಳಿದ ಹತ್ತು ಹಂಪುಗಳನ್ನು ಕಾರು ಸದ್ದಿಲ್ಲದೆ ದಾಟಿತು. ಯಾರನ್ನೂ ಇಳಿಸದೆ ದಾಟಿದರೆ ಅಲ್ಲಿ ಮಾತ್ರ ಇನ್ನೂ ತಾಗುತ್ತಿತ್ತು. ಮೊದಲಿನ ಹೊಡೆತ ಇರಲಿಲ್ಲ, ಆದರೂ ಒಂದು ಉದ್ದನೆಯ ಕೆರೆತ, ಓತಿಲಿಯಾಳ ಕೈ ಕುತ್ತಿಗೆಗೆ.

"ಎರಡು ಸೆಂಟಿಮೀಟರ್ ಅಷ್ಟೇ" ಎಂದ ಪೋಲೊ ಗ್ಯಾರೇಜಿನಲ್ಲಿ.

"ಎತ್ತರ ತೊಂದರೆ ಅಲ್ಲ, ಕಡಿದಾಗಿರೋದು ತೊಂದರೆ" ಎಂದು ಬಾಲ್ತಸಾರ್ ನೆಲದ ಮೇಲೆ ಸೀಮೆಸುಣ್ಣದಿಂದ ಗೆರೆ ಎಳೆದು ತೋರಿಸಿದ. "ಮುಂದಿನ ಚಕ್ರ ಆ ಕಡೆ ಇಳಿದಿದೆ, ಹಿಂದಿಂದು ಈ ಕಡೆ ನೆಲದಲ್ಲಿದೆ, ನಡುವೆ ಹಂಪು ಹೊಟ್ಟೆಗೆ ತಿವೀತದೆ. ಎರಡೂ ಕಡೆ ಇಳಿಜಾರು ಎರಡೆರಡು ಮೀಟರ್ ಉದ್ದ ಇದ್ದಿದ್ರೆ ಚಕ್ರಗಳೂ ಇಳಿಜಾರಿನ ಮೇಲೇ ಇರ್ತಿದ್ವು. ಎತ್ತರ ಇಷ್ಟೇ ಇದ್ರೂ ತಾಗ್ತಿರಲಿಲ್ಲ. ಊರವರನ್ನ ಕೇಳಿ ನೋಡು."

ಕೇಳುವುದಕ್ಕೆ ಪೋಲೊಗೆ ಮೂರು ವಾರ ಬೇಕಾಯಿತು. ಒಂದು ಭಾನುವಾರ ಒಬ್ಬನೇ ಹೋದ. ಕತಾರಿನಾ ಗಂಜಿಯ ಲೋಟ ಕೊಟ್ಟು ತನ್ನ ಸ್ಟೂಲನ್ನು ಅವನ ಕಡೆ ತಳ್ಳಿದಳು. ಅವನು ಇಳಿಜಾರಿನ ವಿಷಯ ಹೇಳಿದ. ಎತ್ತರದಲ್ಲಿ ಒಂದು ಬೆರಳೂ ಕಡಿಮೆ ಮಾಡಬೇಕಿಲ್ಲ, ಸಿಮೆಂಟು ತಾನೇ ತರುತ್ತೇನೆ ಎಂದ.

ಅವಳು ಪೂರ್ತಿ ಕೇಳಿದಳು. ಹಂಪನ್ನೂ ರಸ್ತೆಯ ತಿರುವನ್ನೂ ನೋಡಿದಳು.

"ಉದ್ದ ಮಾಡಿದ್ರೆ ಬಸ್ಸಿನವರು ನಿಧಾನ ಮಾಡ್ತಾರಾ, ತಾತ?"

ಹೌದು ಎನ್ನಬಹುದಿತ್ತು. ಗಂಜಿ ಬಿಸಿಯಾಗಿತ್ತು, ಅವಳ ದನಿಯಲ್ಲಿ ಮೊದಲಿನ ಬಿರುಸಿರಲಿಲ್ಲ, ಒಪ್ಪಿಕೊಂಡೂ ಬಿಡುತ್ತಿದ್ದಳೇನೋ. ಪೋಲೊ ಲೋಟ ಕೆಳಗಿಟ್ಟ.

"ಇಲ್ಲ. ಮಾಡಲ್ಲ."

"ನಿಮಗೆ ಹೇಗೆ ಗೊತ್ತು?"

"ಇದೇ ದಾರೀಲಿ ಇಪ್ಪತ್ತೆರಡು ವರ್ಷ ಬಸ್ಸು ಓಡಿಸಿದೀನಿ."

ಕತಾರಿನಾ ಪಾತ್ರೆಯಲ್ಲಿ ಆಡಿಸುತ್ತಿದ್ದ ಸೌಟು ನಿಂತಿತು.

"ನಿನ್ನ ಮಗಳಿಗೆ ಬಡಿದ ಬಸ್ಸು ನನ್ನದಲ್ಲ. ಅಷ್ಟು ಹೊತ್ತಿಗೆ ನಾನು ಬಿಟ್ಟಾಗಿತ್ತು" ಎಂದ ಪೋಲೊ. "ಆದ್ರೆ ನಾನೂ ಹಾಗೇ ಓಡಿಸ್ತಿದ್ದೆ. ಹಿಂದೆ ಇನ್ನೊಂದು ಬಸ್ಸು ಬರ್ತಿದ್ರೆ ಮುಂದಿನೂರಿನ ಪ್ಯಾಸೆಂಜರ್ ಅವನಿಗೆ ಸಿಕ್ಕಿಬಿಡ್ತಾರೆ ಅಂತ. ಈ ಊರು ಬಂದ್ರೆ ಹಾರ್ನ್ ಒತ್ತಿ ಹಿಡೀತಿದ್ದೆ, ಆಕ್ಸಿಲರೇಟರ್ ಮೇಲಿಂದ ಕಾಲು ತೆಗೀತಿರಲಿಲ್ಲ. ನನ್ನ ಬಸ್ಸಿಗೆ ಯಾರ ಮಗೂನೂ ಸಿಗಲಿಲ್ಲ. ಅದು ಆ ಮಕ್ಕಳ ಪುಣ್ಯ, ನಂದಲ್ಲ." ಹಂಪಿನ ಕಡೆ ಕೈ ತೋರಿಸಿದ. "ಬಸ್ಸಿನ ಅಚ್ಚು ಮುರಿಯುತ್ತೆ ಅನ್ನೋ ಹೆದರಿಕೆ ಇದ್ರೆ ಮಾತ್ರ ನಾವು ನಿಧಾನ ಮಾಡೋದು. ನೀನು ಕಟ್ಟಿಸಿದ್ದೇ ಸರಿ. ಹಾಗೇ ಇರಲಿ ಬಿಡು."

ಅವಳು ಸೌಟು ಬಿಟ್ಟು ಅಂಗಡಿಯೊಳಗೆ ಹೋದಳು. ಹೊರಗೆ ಬರಲಿಲ್ಲ. ಪೋಲೊ ತುಸು ಹೊತ್ತು ಕಾದು, ಅರ್ಧ ಕುಡಿದ ಗಂಜಿಯ ಪಕ್ಕದಲ್ಲಿ ದುಡ್ಡಿಟ್ಟು ಕಾರು ಹತ್ತಿದ.

ಮನೆಯಲ್ಲಿ ಓತಿಲಿಯಾಗೆ ಎಲ್ಲವನ್ನೂ ಹೇಳಿದ. ಅವಳು ಹಾಸಿಗೆಯ ಮೇಲೆ ದಿಂಬಿಗೆ ಒರಗಿ ಕೂತಿದ್ದಳು.

"ನಲವತ್ತು ವರ್ಷ ಆಯ್ತು ಮದುವೆಯಾಗಿ. ಹಾರ್ನ್ ಒತ್ತಿ ಹಿಡೀತಿದ್ದೆ ಅಂತ ನನಗೆ ಒಂದು ದಿನಾನೂ ಹೇಳಿರಲಿಲ್ಲ" ಎಂದಳು.

"ನೀನು ಕೇಳಿರಲಿಲ್ಲ."

"ಹೆದರಿಕೆ ಇತ್ತು, ಅದಕ್ಕೆ ಕೇಳಲಿಲ್ಲ" ಎಂದಳು ಅವಳು. ಮತ್ತೆ ಆ ಮಾತು ತೆಗೆಯಲಿಲ್ಲ.

ಸೋಮವಾರ ಹಂಪಿನ ಬಳಿ ಯಾರೂ ಇರಲಿಲ್ಲ, ಗಂಜಿಯ ಅಂಗಡಿ ಮುಚ್ಚಿತ್ತು. ಬುಧವಾರವೂ ಹಾಗೆಯೇ. ಶುಕ್ರವಾರ ಸಂಜೆ ತಿರುವು ದಾಟುವಾಗ ಕತಾರಿನಾ ರಸ್ತೆಯ ನಡುವೆ ನಿಂತು ಕೈ ಅಡ್ಡ ಹಿಡಿದದ್ದು ಕಂಡಿತು. ಅವಳ ಮೈದುನ, ಬಡಗಿ ಪಾಸ್ಕ್ವಾಲ್, ಹಲಗೆಯಂಥದ್ದೇನನ್ನೋ ಎಳೆಯುತ್ತಿದ್ದ. ದಪ್ಪ ಪೈನ್ ಮರದ ನಾಲ್ಕು ಇಳಿಜಾರು ತುಂಡುಗಳು: ಒಂದು ತುದಿ ತೆಳ್ಳಗೆ, ಇನ್ನೊಂದು ಹಂಪಿನಷ್ಟೇ ಎತ್ತರ. ಹಂಪಿನ ಈಚೆ ಎರಡು, ಆಚೆ ಎರಡು, ಚಕ್ರದ ಅಗಲಕ್ಕೆ ಸರಿಯಾಗಿ ಇಟ್ಟಿದ್ದರು.

ಅವಳು ಕಿಟಕಿಯ ಬಳಿ ಬಂದಳು. ಪೋಲೊನ ಮುಖ ನೋಡಲಿಲ್ಲ, ಓತಿಲಿಯಾಳನ್ನು ನೋಡಿದಳು.

"ಅಮ್ಮಾ, ಇದು ಬಸ್ಸಿನವರಿಗಲ್ಲ. ನಿಮ್ಮ ಕಾರು ದಾಟಿದ ತಕ್ಷಣ ತೆಗೆದಿಡ್ತೀನಿ. ವಾರಕ್ಕೆ ಮೂರು ದಿನ, ಹೋಗ್ತಾ ಬರ್ತಾ ಎರಡು ಸಲ. ತಿರುವಿನಲ್ಲೇ ಒಂದು ಸಲ ಹಾರ್ನ್ ಮಾಡೋಕೆ ಹೇಳಿ ನಿಮ್ಮ ಯಜಮಾನ್ರಿಗೆ. ಒಂದೇ ಸಲ."

ಪೋಲೊ ಮೊದಲ ಗೇರಿನಲ್ಲಿ ಹತ್ತಿಸಿದ. ಮರ ಕಿರುಗುಟ್ಟಿತು. ಕಾರು ದೋಣಿಯ ಹಾಗೆ ಮೇಲೆದ್ದು ಆಚೆ ಇಳಿಯಿತು. ಅಡಿಯಿಂದ ಸದ್ದು ಬರಲಿಲ್ಲ. ಹಿಂದೆ ನೆಸ್ತೋರ್ ನಿದ್ದೆ ಮಾಡುತ್ತಿದ್ದ, ಏಳಲಿಲ್ಲ.

"ಇಷ್ಟೇ ಆಗಿದ್ರೆ ನಾನು ಇಷ್ಟು ದಿನ ನಡೆದದ್ದೆಲ್ಲ ದಂಡ" ಎಂದಳು ಚೋನಾ. ಹೇಳುತ್ತ ಮೂಗು ಒರೆಸಿಕೊಂಡಳು.

ಮಳೆಗಾಲ ಪೂರ್ತಿ ಹೀಗೇ ನಡೆಯಿತು. ಕತಾರಿನಾ ಪೋಲೊನ ಜೊತೆ ಹೆಚ್ಚು ಮಾತಾಡುತ್ತಿರಲಿಲ್ಲ. ಓತಿಲಿಯಾಳ ಜೊತೆ ಆಡುತ್ತಿದ್ದಳು. ಗಂಜಿ ಕುಡಿಯುವ ಹಾಗಿಲ್ಲ, ನೀರನ್ನೂ ಅಳೆದು ಕುಡಿಯಬೇಕು ಎಂದು ಗೊತ್ತಾದ ಮೇಲೆ ಎರಡು ಸಣ್ಣ ಜೋಳದ ಕಡುಬನ್ನು ಎಲೆಯಲ್ಲಿ ಸುತ್ತಿ, ಉಪ್ಪು ಹಾಕಿಲ್ಲ ಎಂದು ಕಿಟಕಿಯಲ್ಲಿ ಕೊಡುತ್ತಿದ್ದಳು. ಒಂದು ದಿನ ಓತಿಲಿಯಾ ಮಗಳ ಬಗ್ಗೆ ಕೇಳಿದಳು. ಕತಾರಿನಾ, ಕಾರಿನ ಹಿಂದೆ ನಿಂತ ಬಸ್ಸು ಹಾರ್ನ್ ಮಾಡಿದರೂ ಲೆಕ್ಕಿಸದೆ, ತನ್ನ ಮಿಕಾ ಕೋಳಿಗಳಿಗೆಲ್ಲ ಟೀಚರುಗಳ ಹೆಸರಿಟ್ಟಿದ್ದಳು ಎಂದು ಹೇಳಿದಳು. ಇಬ್ಬರೂ ನಕ್ಕರು.

ನವೆಂಬರ್ ಕೊನೆಯಲ್ಲಿ ಓತಿಲಿಯಾ ತೀರಿಕೊಂಡಳು. ಕಾರಿನಲ್ಲಲ್ಲ, ಆಸ್ಪತ್ರೆಯಲ್ಲಲ್ಲ, ಮನೆಯ ಹಾಸಿಗೆಯಲ್ಲಿ, ಒಂದು ಗುರುವಾರ ಮಧ್ಯಾಹ್ನ, ಗಂಡ ಕಿಟಕಿ ತೆರೆಯಲು ಎದ್ದುಹೋಗಿದ್ದಾಗ. ಒಂಬತ್ತು ದಿನದ ಪ್ರಾರ್ಥನೆಗೆ ಕತಾರಿನಾ ಮೂರು ದಿನ ಬಂದಳು. ಕೊನೆಯ ದಿನ ಎಲ್ಲರೂ ಹೋದ ಮೇಲೆ ಅಂಗಳದ ಹೊಸ್ತಿಲಲ್ಲಿ ನಿಂತಳು.

"ನಾಳಿದ್ದು ಸೋಮವಾರ" ಎಂದಳು. ಅವನ ಜೊತೆ ತಾನಾಗಿ ಮಾತು ತೆಗೆದದ್ದು ಆ ಭಾನುವಾರದ ನಂತರ ಇದೇ ಮೊದಲು. "ಹೋಗ್ತೀರಾ?"

ಪೋಲೊ ಅದನ್ನು ಯೋಚಿಸಿರಲಿಲ್ಲ. ಒಂಬತ್ತು ದಿನ ಚೋನಾಳನ್ನೂ ನೆಸ್ತೋರ್‌ನನ್ನೂ ಬಾಲ್ತಸಾರ್ ತನ್ನ ಪಿಕಪ್ಪಿನಲ್ಲಿ ಕರೆದೊಯ್ದಿದ್ದ. ಪಿಕಪ್ಪು ಎತ್ತರದ್ದು, ಎಲ್ಲಿಯೂ ತಾಗುತ್ತಿರಲಿಲ್ಲ, ಆದರೆ ಒಳಗೆ ಕೂತವರ ಎಲುಬೆಲ್ಲ ಅಲುಗಿಹೋಗುತ್ತಿತ್ತು ಎಂದು ಚೋನಾ ದೂರಿದ್ದಳು.

"ಅವರಿಬ್ಬರಿಗೆ ಬೇರೆ ಯಾರಿದ್ದಾರೆ" ಎಂದ.

"ನಮ್ಮೂರಲ್ಲಿ ಎವಾರಿಸ್ತೊ ಅಂತ ಒಬ್ರಿದ್ದಾರೆ. ಹೋದ ವಾರ ಅವರಿಗೂ ಡಯಾಲಿಸಿಸ್ ಶುರು ಮಾಡಬೇಕು ಅಂದ್ರಂತೆ. ಸದ್ಯಕ್ಕೆ ಬಸ್ಸಲ್ಲಿ ಹೋಗ್ತೀನಿ ಅಂತಾರೆ. ಆಗುತ್ತಾ ಹೇಳಿ?"

"ಆಗಲ್ಲ" ಎಂದ ಪೋಲೊ. ಓತಿಲಿಯಾ ಕೂರುತ್ತಿದ್ದ ಮುಂದಿನ ಸೀಟು ಅವನ ಕಣ್ಣ ಮುಂದೆ ಬಂತು. "ತೂಕ ಎಷ್ಟಿರಬಹುದು ಅವರದು?"

"ಸಣಕಲು ಮನುಷ್ಯ."

"ಹಾಗಾದ್ರೆ ಆರೂವರೆಗೆ ರಸ್ತೆಗೆ ಬಂದಿರಲಿ. ಹೊಟ್ಟೆಗೆ ಏನಾದ್ರೂ ತಿಂದು ಬರೋಕೆ ಹೇಳು."