ಬೇವಿನ ಮರದ ಕಡೆಯ ಪಾಲು

ಟಿ.ವಿ. ಅವರಿಗೆ, ಫ್ರಿಜ್ ನನಗೆ. ಕಾರು ಅವರಿಗೆ, ಸ್ಕೂಟರ್ ನನಗೆ. ಹದಿನೆಂಟು ವರ್ಷದ ಸಂಸಾರ ವಕೀಲರ ಕಾಫಿ ಆರುವಷ್ಟರಲ್ಲಿ ಹಂಚಿಹೋಯಿತು. ಉಳಿದದ್ದು ಮಲವಗೊಪ್ಪದ ಹತ್ತಿರದ ಒಂದು ಎಕರೆ, ಇಬ್ಬರ ಹೆಸರಿನಲ್ಲೂ ಇರುವ ಜಮೀನು. ನನ್ನ ಶಾಲೆ ಶಿವಮೊಗ್ಗದಲ್ಲಿ, ನನ್ನ ಗಂಡ ಮುರುಗೇಶಪ್ಪನವರ ಕೆಲಸ ಭದ್ರಾವತಿಯಲ್ಲಿ. ಇಬ್ಬರಿಗೂ ನಡುವೆ ಆಗುತ್ತದೆ, ಮನೆ ಕಟ್ಟೋಣ ಅಂತ ಕೊಂಡದ್ದು. ಮನೆ ಏಳಲಿಲ್ಲ. ಅಲ್ಲಿಗೆ ಹೋಗಿ ಸೇರಿದವರು ನಮ್ಮ ಅತ್ತೆ ನಂಜಮ್ಮ ಒಬ್ಬರೇ.

ನಮ್ಮವರಲ್ಲಿ ಸುಡುವುದಿಲ್ಲ. ಸ್ವಂತ ಜಮೀನಿದ್ದರೆ ಅಲ್ಲೇ ಮಣ್ಣು ಮಾಡುತ್ತೇವೆ. ನಾಲ್ಕು ವರ್ಷದ ಹಿಂದೆ ಅತ್ತೆಯನ್ನು ಅಲ್ಲೊಂದು ಬೇವಿನ ಮರದ ಬುಡದಲ್ಲಿ ಮಣ್ಣು ಮಾಡಿದೆವು. ಮೇಲೊಂದು ಗದ್ದುಗೆ ಕಟ್ಟಿಸಿ ಅಂತ ಗಂಡನಿಗೆ ಹೇಳಿ ಹೇಳಿ ನನ್ನ ಬಾಯಿ ಸೋತಿತು. "ಮುಂದಿನ ವರ್ಷ ಕಟ್ಟಿಸಿದ್ರಾಯ್ತು ಬಿಡೇ" ಅನ್ನುತ್ತಿದ್ದರು. ಹೋಗಲಿ, ನಾನೇ ಕಟ್ಟಿಸ್ತೀನಿ ಅಂದರೆ, ಮಗ ಇರುವಾಗ ಸೊಸೆ ಯಾಕೆ ಕಟ್ಟಿಸಬೇಕು ಅಂತ ಸಿಟ್ಟು.

ಕೊನೆಯ ಎರಡು ವರ್ಷ ಅತ್ತೆ ವಿದ್ಯಾನಗರದ ಬಾಡಿಗೆ ಮನೆಯಲ್ಲಿ ನನ್ನ ಜೊತೆ ಇದ್ದರು, ಹಾಸಿಗೆ ಹಿಡಿದಿದ್ದರು. ಮಗ ಆಗಲೇ ಭದ್ರಾವತಿಯಲ್ಲಿ ಬೇರೆ ರೂಮು ಮಾಡಿದ್ದರು. ಎಚ್ಚರಾದಾಗಲೆಲ್ಲ ಅತ್ತೆಯದು ಒಂದೇ ಪ್ರಶ್ನೆ, "ಮುರುಗೇಶ ಬಂದಿದ್ನಾ?" ನಾನು, "ಬಂದಿದ್ರು ಅತ್ತೆ, ನೀವು ನಿದ್ದೆಯಲ್ಲಿದ್ರಿ" ಅನ್ನುತ್ತಿದ್ದೆ. ಹಾಗಂದ ಮೇಲೇ ಗಂಜಿ ಕುಡಿಯುತ್ತಿದ್ದರು.

ಕಾರು ಹಾಳಾಗಿ ಹೋಗಲಿ, ಅತ್ತೆ ಇರುವ ಪಾಲು ಮಾತ್ರ ನನಗೆ ಬೇಕಿತ್ತು. ಕೋರ್ಟಿನ ರಾಜಿ ಮಾತುಕತೆಯಲ್ಲಿ ನಾನು ಬಾಯಿ ತೆರೆಯುವ ಮೊದಲೇ ಅವರು, "ಅವ್ವ ಇರೋ ಪಾಲು ನಂಗೆ" ಅಂದರು. ಎಲ್ಲರೂ ನ್ಯಾಯವೇ ಅಂತ ತಲೆಯಾಡಿಸಿದರು. ಹೆತ್ತ ಮಗನ ಮುಂದೆ ಸೊಸೆ ಏನು ವಾದ ಮಾಡುತ್ತಾಳೆ? ಆಯ್ತು ಅಂದೆ. ನನಗೂ ಸಾಕಾಗಿತ್ತು.

ಅಳತೆಯ ದಿನ ಸರ್ವೆಯರ್ ವೀರೇಂದ್ರ ಟೇಪು ಬಿಚ್ಚುತ್ತಾ ಕೇಳಿದ, "ಸಮಾಧಿ ಯಾವ ಕಡೆ ಬರುತ್ತೆ ಸಾರ್?"

ಅವರು ಪಶ್ಚಿಮದ ಬೇವಿನ ಮರ ತೋರಿಸಿದರು. "ಅಲ್ಲೇ, ಆ ಮರದ ಬುಡದಲ್ಲಿ. ಆ ಅರ್ಧ ನಂಗೆ ಬರ್ಕೊಳ್ಳಿ."

ಅದು ಬೇರೆ ಮರ. ಅತ್ತೆಯ ಮರ ಇದ್ದದ್ದು ಪೂರ್ವದ ಬೇಲಿಯ ಹತ್ತಿರ. ಎರಡು ವರ್ಷದ ಹಿಂದೆ ಕರೆಂಟಿನವರು ಲೈನ್ ಎಳೆಯುವಾಗ ಅದನ್ನು ಕಡಿದಿದ್ದರು, ಈಗ ಹುಲ್ಲಿನೊಳಗೆ ಬರೀ ಮೋಟು ಇದೆ. ಪ್ರತಿ ಸೋಮವಾರ ಆ ಮೋಟಿನ ಹತ್ತಿರ ದೀಪ ಹಚ್ಚುವವಳು ನಾನು. ಮಣ್ಣು ಮಾಡಿದ ದಿನದಿಂದ ಈಚೆಗೆ ಈ ಪುಣ್ಯಾತ್ಮ ಇತ್ತ ತಲೆ ಹಾಕಿದ್ದರೆ ತಾನೇ ಗೊತ್ತಾಗುವುದು!

ವೀರೇಂದ್ರ ನನ್ನ ಕಡೆ ತಿರುಗಿದ. "ಸರಿನಾ ಮೇಡಂ?"

"ಅವರ ತಾಯಿ. ಅವರಿಗೇ ಗೊತ್ತಿರುತ್ತೆ" ಅಂದೆ.

ನಡುವೆ ಗೂಟ ಹೊಡೆದರು. ನಕ್ಷೆಯ ಮೇಲೆ ಇಬ್ಬರೂ ಸಹಿ ಮಾಡಿದೆವು. ಬಯಸಿದ್ದು ನನಗೇ ಸಿಕ್ಕಿತ್ತು. ಆದರೂ ಖುಷಿ ಅನ್ನುವುದು ಹತ್ತಿರ ಸುಳಿಯಲಿಲ್ಲ, ಒಂದು ಕಡೆ ಕೂತರೆ ಸಾಕು ಅನ್ನಿಸುತ್ತಿತ್ತು.

ಅವರು ಚಪ್ಪಲಿ ಬಿಟ್ಟು ಆ ಮರದ ಬುಡಕ್ಕೆ ಹೋದರು. ಬಾಟಲಿಯ ನೀರು ಹಾಕಿ, ಜೇಬಿನಿಂದ ವಿಭೂತಿ ತೆಗೆದು ಮಣ್ಣಿಗೆ ಹಚ್ಚಿ, ಹಣೆಯಿಟ್ಟರು. "ಅವ್ವಾ, ನಿನ್ನ ಬಿಟ್ಕೊಡ್ಲಿಲ್ಲ ಕಣೆ" ಅನ್ನುವಾಗ ಧ್ವನಿ ಒಡೆದಿತ್ತು. ಹೇಳಿಬಿಡೋಣ ಅಂತ ಒಂದು ಹೆಜ್ಜೆ ಮುಂದಿಟ್ಟೆ, ಸುಳ್ಳು ಯಾಕೆ ಹೇಳಲಿ.

ಅಷ್ಟರಲ್ಲಿ ಅವರೇ ಕಣ್ಣೊರೆಸಿಕೊಂಡು ಎದ್ದರು. "ನೀನೂ ಒಂದ್ಸಲ ಬಂದು ಕೈ ಮುಗಿ ಜಗದಾಂಬಾ. ಇನ್ಮೇಲೆ ಇದು ನನ್ನ ಜಾಗ, ಮನಸ್ಸು ಬಂದಾಗೆಲ್ಲ ಬರೋಕಾಗಲ್ಲ."

ಹೋಗಿ ಖಾಲಿ ಮಣ್ಣಿಗೆ ಕೈ ಮುಗಿದೆ.

ಅವರ ಕಾರು ಭದ್ರಾವತಿ ರಸ್ತೆಗೆ ಇಳಿಯಿತು. ವೀರೇಂದ್ರನೂ ಹೊರಟ. ನಾನು ಬೇಲಿಯ ಹತ್ತಿರ ಬಂದು ಹುಲ್ಲು ಸರಿಸಿ ಮೋಟಿನ ಪಕ್ಕ ಕೂತೆ. ಇಷ್ಟು ಹೊತ್ತೂ ಇಲ್ಲದ ಅಳು ಈಗ ಬಂತು.

"ಬಂದಿದ್ರು ಅತ್ತೆ" ಅಂದೆ. "ನೀವು ನಿದ್ದೆಯಲ್ಲಿದ್ರಿ."