ಕ್ಯಾಲೆಬನ ಹೆಬ್ಬೆರಳು

ಕೆಂಪು ದೀಪ ಹಸಿರಾಯಿತು, ಚಾರ್ಜ್ ತುಂಬಿತು, ತುಂಬಲಿ, ಈ ಮನೆಯಲ್ಲಿ ಇದರ ಹೊಟ್ಟೆಯಾದರೂ ತುಂಬಲಿ, ಅಡುಗೆಮನೆಯ ಈ ಒಂದೇ ಪ್ಲಗ್ಗು ಸರಿ ಇರುವುದು, ಅವ್ವ ಮಿಕ್ಸಿ ಕಿತ್ತು ತಮ್ಮನ ವಿಡಿಯೋ ಗೇಮ್ ಹಚ್ಚಿದ್ದಾಳೆ, ಶೇಂಗಾ ಚಟ್ನಿ ಆಮೇಲೆ, ಮೊದಲು ದೇವರ ಕೆಲಸ — ಮಂಡಕ್ಕಿಯ ಸುಸಲಾಕ್ಕೆ ಹಾಕಿದ ಮೆಣಸಿನಕಾಯಿ ಸೀದು ಹೊಗೆ ಕಣ್ಣಿಗೆ ಹತ್ತುತ್ತಿದೆ, ಸೀಯಲಿ, ಹೊರಗೆ ಜಮಖಾನದ ಮೇಲೆ ಕೂತವರಿಗೆ ಇವತ್ತು ರುಚಿ ತಿಳಿಯುವುದಿಲ್ಲ, ಅವರು ಪವಾಡ ನೋಡಲು ಬಂದವರು. ಹಾಡು ನಡೆದಿದೆ, ಅಪ್ಪನ ದನಿ ಎಲ್ಲರಿಗಿಂತ ಒಂದು ಮಾತು ಹಿಂದೆ, ಯೇಸಪ್ಪ ಮಾಸ್ತರರು ಬದುಕಿನಲ್ಲೂ ಹಾಗೇ, ಅವ್ವ ಹೂಂ ಅಂದಮೇಲೆ ಹೂಂ ಅನ್ನುವ ಗಂಡ. ಪರ್ಲಾ, ಚಾರ್ಜ್ ಆಯ್ತೇನು, ಅವ್ವ ಕೂಗುತ್ತಾಳೆ, ಆಗ್ಲಿಕತ್ತದ, ಜರಾ ತಡಿ, ಅನ್ನುತ್ತೇನೆ, ಸುಳ್ಳು, ಆಗಿದೆ, ಕೈಯಲ್ಲೇ ಇದೆ, ಬೆಚ್ಚಗಿದೆ. ನನ್ನವ್ವ ಎಲಿಜಬೆತಮ್ಮ ದೇವರ ಮುಂದೆ ಗುರುತು ಇಟ್ಟಿದ್ದಾಳೆ. ನಮ್ಮ ಮಂದಿಗೆ ಇದು ಹೊಸದಲ್ಲ, ಹೆಣ್ಣು ನೋಡುವಾಗ, ಹೊಲ ಮಾರುವಾಗ — ಕರ್ತನೇ, ನಿನಗೆ ಒಪ್ಪಿಗೆಯಿದ್ದರೆ ನಾಳೆ ಬಾಗಿಲಿಗೆ ಮೊದಲು ಬರುವವನು ಬಿಳಿ ಅಂಗಿ ತೊಟ್ಟಿರಲಿ, ಅಂತ ಕೇಳಿಕೊಂಡು ಹೊಸ್ತಿಲಲ್ಲಿ ಕೂಡುವುದು. ಆದರೆ ವಿಡಿಯೋ ಗೇಮಿನ ರಾಕ್ಷಸನನ್ನು ಗುರುತಿಗೆ ಇಟ್ಟವಳು ಇಡೀ ಭಾಲ್ಕಿಯಲ್ಲಿ ನನ್ನ ಅವ್ವ ಒಬ್ಬಳೇ. ನನ್ನ ತಮ್ಮ ಕ್ಯಾಲೆಬ ಬಿದ್ದುಹೋದ ಬಲಗೈಯ ಹೆಬ್ಬೆರಳಿನಿಂದಲೇ ಕೊನೆಯ ರಾಕ್ಷಸನನ್ನು ಕೆಡವಿದರೆ, ದೇವರು ಕೈ ವಾಸಿಮಾಡುತ್ತಿದ್ದಾನೆ, ಆಪರೇಷನ್ ಬೇಡ. ಕೆಡವದಿದ್ದರೆ ಸೋಮವಾರ ಹೈದರಾಬಾದು, ಅಲ್ಲಿ ಹಾಸಿಗೆ ಕಾದಿದೆ, ಕಾಲಿನ ನರ ತೆಗೆದು ಕುತ್ತಿಗೆಯ ಬುಡಕ್ಕೆ ಹೊಲಿಯುತ್ತಾರೆ. ಅವ್ವನ ಅಣ್ಣ ಆಪರೇಷನ್ ಟೇಬಲ್ಲಿನ ಮೇಲೆಯೇ ಸತ್ತವನು, ಅದಕ್ಕೇ ಅವಳಿಗೆ ಚಾಕುವಿಗಿಂತ ಗೇಮಿನ ರಾಕ್ಷಸ ವಾಸಿ. ದೇವರಿಗೆ ಗೊತ್ತೋ ಇಲ್ಲವೋ, ನನಗೆ ಗೊತ್ತು, ಇಷ್ಟು ದಿನ ರಾಕ್ಷಸರನ್ನು ಕೊಂದದ್ದು ಹೆಬ್ಬೆರಳಲ್ಲ, ನಾನು ಮೆಮೊರಿ ಕಾರ್ಡಿಗೆ ತುಂಬಿದ ಚೀಟು, ಆಡುವವನನ್ನು ಮೋಸದಿಂದ ಗೆಲ್ಲಿಸುವ ಕಳ್ಳ ಪ್ರೋಗ್ರಾಮು. ಮೇಲಂಚಿನ ಎರಡು ಗುಂಡಿ ಒಟ್ಟಿಗೆ ಒತ್ತಿದರೆ ಚೀಟು ಚಾಲೂ, ಇನ್ನೊಮ್ಮೆ ಒತ್ತಿದರೆ ಬಂದ್. ಚಾಲೂ ಇದ್ದರೆ ಪ್ರಾಣ ಇಳಿಯುವುದಿಲ್ಲ, ಗುಂಡಿಯ ಮೇಲೆ ಬೆರಳಿನ ಭಾರ ಬಿದ್ದರೆ ಸಾಕು, ಕತ್ತಿ ತಾನೇ ಬೀಸುತ್ತದೆ. ಚಾಲೂ ಇಟ್ಟು ಕೊಟ್ಟರೆ ಅವನು ಗೆಲ್ಲುತ್ತಾನೆ, ಕೈ ಸಾಯುತ್ತದೆ. ಬಂದ್ ಮಾಡಿ ಕೊಟ್ಟರೆ ಓಣಿಯ ಮಂದಿಯ ಮುಂದೆ ಸೋತು ಮುಖ ಕೆಡಿಸಿಕೊಳ್ಳುತ್ತಾನೆ, ಕೈ ಉಳಿಯಬಹುದು. ಈಗ ಚಾಲೂ ಇದೆ, ನನ್ನ ಎರಡು ತೋರುಬೆರಳು ಆ ಎರಡು ಗುಂಡಿಗಳ ಮೇಲೆಯೇ ಇವೆ.

ಆ ಕೈ ನನಗೆ ಚೆನ್ನಾಗಿ ಪರಿಚಯ. ಅದು ಬೀಳುವ ಮೊದಲಿನ ಮಾತು, ಕಾಳಿನ ಪೇಟೆ ಗಾಂಧಿ ಗಂಜಿನಲ್ಲಿ ತೊಗರಿಯ ಕಾಲ, ಲಾರಿಗಳ ನಡುವೆ ಕಾಲಿಡಲು ಜಾಗವಿಲ್ಲ, ಮೂಗು ತುಂಬ ಧೂಳು, ಆಸ್ಪತ್ರೆಯ ಡ್ಯೂಟಿ ಬಟ್ಟೆಯಲ್ಲೇ ಹೋಗಿದ್ದೆ, ಉತ್ತಮ ಅಲ್ಲಿ ರೈತರ ಕಾಳು ಮಾರಿಸುವ ಅಡತಿ ಅಂಗಡಿಯಲ್ಲಿ ಗುಮಾಸ್ತ, ಔರಾದ ಕಡೆಯ ಚಿಂತಾಕಿಯವನು, ಮೆಲ್ಲಗೆ ಮಾತಾಡುವವನು, ಚೀಲದಿಂದ ಹಿಡಿ ತೊಗರಿ ತೆಗೆದು ನನ್ನ ಅಂಗೈಗೆ ಸುರಿದು ನೋಡ್ರಿ ಸಿಸ್ಟರ್ ಹ್ಯಾಂಗ ಹೊಳೀತದ ಅಂದಿದ್ದ, ಅದೇ ನಮ್ಮ ಪ್ರೇಮಪತ್ರ. ಬುದ್ಧವಂದನೆಯ ಮನೆಯವನು. ಅಜ್ಜಂದಿರ ಕಾಲಕ್ಕೆ ಅವರದೂ ನಮ್ಮದೂ ಊರ ಹೊರಗಿನ ಒಂದೇ ಓಣಿ, ನಾವು ಸಿಲುಬೆ ಹಿಡಿದು ಮೇಲೆ ಬಂದೆವು, ಅವರು ಬುದ್ಧನನ್ನು ಹಿಡಿದು ಬಂದರು, ಮೇಲೆ ಬಂದಮೇಲೆ ಒಬ್ಬರಿಗೊಬ್ಬರು ಆಗದವರಾದೆವು, ಎಂಥ ಚೆಂದ. ಕ್ಯಾಲೆಬ ಎಲ್ಲಿಂದ ಬಂದನೋ, ಬಲಗೈ ಬಂದದ್ದಷ್ಟೇ ಗೊತ್ತು, ತುಟಿ ಹಲ್ಲಿಗೆ ಸಿಕ್ಕಿ ಹರಿಯಿತು, ಅಂಗೈಯ ತೊಗರಿ ಚೆಲ್ಲಿತು, ನೋಡ್ರೆಪಾ ನಮ್ಮ ಅಕ್ಕಗ, ಸೂಜಿ ಚುಚ್ಚೋದು ಬಿಟ್ಟು ತೊಗರಿ ತೂಗ್ಲಿಕ್ಕ ಬಂದಾಳ, ಅಂದ ಕ್ಯಾಲೆಬ, ಹಮಾಲರು ನಕ್ಕರು, ಬೆನ್ನ ಮೇಲೆ ಚೀಲ ಹೊತ್ತುಕೊಂಡೇ ನಕ್ಕರು. ಉತ್ತಮ ನಿಂತಿದ್ದ, ಬರೀ ನಿಂತಿದ್ದ, ಆಮೇಲೆ ಕಮಲನಗರದ ಹುಡುಗಿಯನ್ನು ಕಟ್ಟಿಕೊಂಡ, ಮದುವೆಯ ಫೋಟೋದಲ್ಲೂ ಹಾಗೇ ನಿಂತಿದ್ದಾನೆ. ಮನೆಯಲ್ಲಿ ಅವ್ವ ತುಟಿಗೆ ಅರಿಶಿನ ಹಚ್ಚುತ್ತ, ತಮ್ಮ ಹೊಡದಾನ, ಪರರೇನು ಹೊಡದಿಲ್ಲಲ್ಲ, ಅಂದಳು. ಅಷ್ಟಕ್ಕೆ ಮುಗಿಯಿತು, ಅವರಿಗೆಲ್ಲ ಮುಗಿಯಿತು, ನಾನು ಮಾತ್ರ ಕನ್ನಡಿ ನೋಡಿದಾಗೆಲ್ಲ ತುಟಿಯ ಆ ಗಂಟು ನೋಡಿಕೊಂಡು ಅವನನ್ನು ದ್ವೇಷಿಸಿದೆ, ಊಟಕ್ಕೆ ಬಡಿಸುತ್ತ ದ್ವೇಷಿಸಿದೆ, ಪ್ರಾರ್ಥನೆಯಲ್ಲಿ ಅವನ ಹೆಸರು ಹೇಳುವಾಗಲೂ ದ್ವೇಷಿಸಿದೆ.

ಆಮೇಲೊಂದು ದಿನ ಹಲಬರ್ಗಾ ದಾಟಿ ಕ್ಯಾಲೆಬನ ಬೈಕು ಜಾರಿತು, ಬಲ ಭುಜ ಡಾಂಬರಿಗೆ, ತಲೆ ಇನ್ನೊಂದು ಕಡೆಗೆ ಎಳೆದು ಕುತ್ತಿಗೆಯ ನರ ಕಿತ್ತವು, ಸ್ಟ್ರೆಚರಿನಲ್ಲಿ ನಮ್ಮ ಆಸ್ಪತ್ರೆಗೇ ತಂದರು, ಜೋತುಬಿದ್ದ ಆ ಕೈಯನ್ನು ಎತ್ತಿ ಎದೆಯ ಮೇಲೆ ಇಟ್ಟವಳು ನಾನೇ, ಎಷ್ಟು ಭಾರವಿತ್ತು, ಕುತ್ತಿಗೆ ಕೊಯ್ದ ಕೋಳಿಯ ಹಾಗೆ ಬಿಸಿಯಾಗಿ ಭಾರವಾಗಿ, ನನಗೆ ಅಳು ಬಂತು, ನಿಜವಾಗಿ ಬಂತು, ಅಳುತ್ತಲೇ ಒಳಗೊಳಗೆ ಸರಿ ಆಯಿತು ಅಂದುಕೊಂಡೆ, ಎರಡೂ ನಾನೇ. ವ್ಯಾಯಾಮ ಹೇಳಿಕೊಡುವವನು, ಮನ್ಯಾಗ ವಿಡಿಯೋ ಗೇಮ್ ಅದ ಅಂತೀರಿ, ಆಡ್ಲಿ, ಬೆರಳಿಗಿ ಕೆಲಸ ಆಗ್ತದ, ಅಂದ. ಅವನ ಕಾಲೇಜಿನ ಕಾಲದ ಗೇಮು, ಕತ್ತಿ ಹಿಡಿದ ಸಣ್ಣ ಮನುಷ್ಯ ಕೋಟೆಯಿಂದ ಕೋಟೆಗೆ ಹೋಗಿ ರಾಕ್ಷಸರನ್ನು ಕಡಿಯುವುದು. ತೊಡೆಯ ಮೇಲೆ ದಿಂಬು, ದಿಂಬಿನ ಮೇಲೆ ಗೇಮು, ಎಡಗೈಯಿಂದ ಆ ಮನುಷ್ಯನನ್ನು ಓಡಿಸಬೇಕು, ಬಲಗೈಯನ್ನು ಅವ್ವ ಎತ್ತಿ ಗುಂಡಿಯ ಮೇಲೆ ಇಡುವಳು, ಹೆಬ್ಬೆರಳು ಸ್ವಲ್ಪ ಮಿಸುಕುವುದು, ಅಷ್ಟೇ, ಅಷ್ಟರಲ್ಲಿ ಮೊದಲ ಕೋಟೆಯ ಕಾವಲುಗಾರನೇ ಇವನನ್ನು ಕೊಂದಿರುತ್ತಿದ್ದ. ಕ್ಯಾಲೆಬ ಅಳುತ್ತಿದ್ದ, ಗೇಮನ್ನು ಗೋಡೆಗೆ ಎಸೆಯುತ್ತಿದ್ದ, ಅದೂ ಎಡಗೈಯಲ್ಲಿ, ಗೋಡೆ ಮುಟ್ಟದೆ ಬೀಳುವುದು. ಅವನ ಅಳು ಕೇಳಲಾರದೆ ಮಾಡಿದೆ, ಮೊದಲ ಸಲ ಕರುಣೆಯಿಂದಲೇ ಮಾಡಿದೆ. ಲ್ಯಾಬಿನ ವಹೀದಾ ಕಂಪ್ಯೂಟರಿಗೆ ಕಾರ್ಡು ಹಚ್ಚಿ, ಇಷ್ಟೇ ಅದರಿ ಸಿಸ್ಟರ್, ಆಡಿದ್ದೆಲ್ಲ ಈ ಫೈಲಿನ್ಯಾಗ ಇರ್ತದ, ಅಂಕಿ ಬದ್ಲಿ ಮಾಡಿದ್ರ ಸೋತವನೂ ಗೆದ್ದಂಗ, ಅಂತ ನಗುತ್ತ ತೋರಿಸಿದಳು. ಬದಲಿ ಮಾಡಿದೆ. ಅವನು ದಾಟಲಾಗದ ಕೋಟೆಗಳನ್ನು ಫೈಲಿನಲ್ಲೇ ದಾಟಿಸಿದೆ, ಬೆಳಿಗ್ಗೆ ಇದ್ಹ್ಯಾಂಗ ಆಯ್ತಕ್ಕ ಅಂತ ಕಣ್ಣು ಅಗಲಿಸಿದ, ನಿನ್ನೆ ನೀನೇ ಗೆದ್ದೀದಿ, ಗುಳಿಗಿ ಮಂಪರದಾಗ ಮರತೀದಿ, ಅಂದೆ, ನಂಬಿದ, ನೀನು ಗೆದ್ದೆ ಅಂದರೆ ಯಾರು ತಾನೇ ನಂಬುವುದಿಲ್ಲ. ಆಮೇಲೆ ಅದೇ ಕಾರ್ಡಿಗೆ ಚೀಟು ಹಾಕಿದ ದಿನ ಒಬ್ಬ ರಾಕ್ಷಸ ಅವನ ಕಣ್ಣೆದುರೇ ದೊಪ್ಪನೆ ಬಿದ್ದ, ಅವ್ವ ಅಡುಗೆಮನೆಯಿಂದ ಓಡಿಬಂದು ಮೊಣಕಾಲೂರಿ ಹಲ್ಲೆಲೂಯ ಅಂದಳು, ಬೆರಳು ಎದ್ದಾವ, ನನ್ನ ಕೂಸಿನ ಬೆರಳು ಎದ್ದಾವ. ಆಗ ಹೇಳಬೇಕಿತ್ತು. ಹೇಳಲಿಲ್ಲ. ಹೈದರಾಬಾದಿನ ಡಾಕ್ಟರು ನನ್ನೊಬ್ಬಳನ್ನೇ ಒಳಗೆ ಕರೆದು, ನೀವು ನರ್ಸು, ನಿಮಗೆ ಬಿಡಿಸಿ ಹೇಳಬೇಕಿಲ್ಲ, ಇನ್ನು ತಡಮಾಡಿದರೆ ಸ್ನಾಯು ಒಣಗಿ ಹೋಗುತ್ತವೆ, ಆಮೇಲೆ ನರ ಹೊಲಿದರೂ ಕೈ ಏಳುವುದಿಲ್ಲ, ಅಂದದ್ದನ್ನು ಮನೆಗೆ ಬಂದು ಅರ್ಧ ಹೇಳಿದೆ, ಆಗಬಹುದಂತೆ, ಆಗದೆಯೂ ಇರಬಹುದಂತೆ. ಅವ್ವ ಆ ಅರ್ಧವನ್ನು ಹಿಡಿದುಕೊಂಡೇ ಗುರುತು ಇಟ್ಟಳು. ಆ ರಾತ್ರಿ ನನಗೆ ಸುಖನಿದ್ದೆ ಬಂತು.

ಅಕ್ಕಾ. ಬಾಗಿಲಲ್ಲಿ ಕ್ಯಾಲೆಬ, ಹೊಸ ಅಂಗಿ ಹೆಗಲಿಗೆ ಜೋತಿದೆ, ಗುಂಡಿ ಹಾಕಿಲ್ಲ, ಬಲಗೈ ಕೊರಳಿಗೆ ಕಟ್ಟಿದ ಬಟ್ಟೆಯ ಜೋಳಿಗೆಯಲ್ಲಿ ಮಲಗಿದೆ. ಜರಾ ಗುಂಡಿ ಹಾಕಕ್ಕ, ಅವ್ವಗ ಕೇಳಿದ್ರ ಎಲ್ಲಾರ ಮುಂದ ಅಳ್ತಾಳ, ಅನ್ನುತ್ತಾನೆ. ಗೇಮನ್ನು ಕಟ್ಟೆಯ ಮೇಲಿಟ್ಟು ಗುಂಡಿ ಹಾಕುತ್ತೇನೆ, ಕೆಳಗಿನಿಂದ ಮೇಲಕ್ಕೆ, ಅವನು ಶಾಲೆಗೆ ಹೋಗುವಾಗ ಹಾಕುತ್ತಿದ್ದ ಹಾಗೆಯೇ, ನೋವಿನ ಮುಲಾಮಿನ ವಾಸನೆ, ಭುಜ ಎಷ್ಟು ಬತ್ತಿದೆ, ಮೂಳೆ ಅಂಗಿಯನ್ನು ಎತ್ತಿ ಹಿಡಿದಿದೆ. ಹೆದರಿಕಿ ಬರ್ತದಕ್ಕ, ಅಂದ, ಆಪ್ರೇಶನ್‌ದಲ್ಲ, ಈ ಕೈ ಹಿಂಗೇ ಉಳೀತದೇನೋ ಅಂತ. ನನ್ನ ಬೆರಳು ಕೊರಳ ಗುಂಡಿಯ ಹತ್ತಿರ ನಿಂತವು. ಕೂಸು ಇದು, ಇದಕ್ಕೆ ನಾನೇ ಚಪಾತಿ ಹಾಲಿನಲ್ಲಿ ಕಲಸಿ ತಿನಿಸಿದ್ದು, ಸಾಕು, ಸಾಕು ಪರ್ಲ, ಒಂದು ಏಟಿಗೆ ಒಂದು ತೋಳು ತೆಗೆದುಕೊಳ್ಳುವವಳೇನೆ ನೀನು, ಸೋಲಲಿ, ಎಲ್ಲರೆದುರು ಅಳಲಿ, ಸೋಮವಾರ ಬಸ್ಸಿನಲ್ಲಿ ನಾನೇ ಕೂಡಿಸಿಕೊಂಡು ಹೋಗುತ್ತೇನೆ, ವಾರ್ಡಿನಲ್ಲಿ ನಾನೇ ಕೂಡುತ್ತೇನೆ. ನಡಿ, ಬಂದೆ, ಅಂದೆ. ಅವನು ಹೋದಮೇಲೆ ಎರಡು ಗುಂಡಿ ಒಟ್ಟಿಗೆ ಒತ್ತಿದೆ. ಬಂದ್. ಎದೆ ಹಗುರಾಯಿತು, ಹೊಗೆಯಿಂದಲೋ ಏನೋ ಕಣ್ಣೊರೆಸಿಕೊಂಡು ಹೊರಗೆ ಹೋದೆ, ದಿಂಬಿನ ಮೇಲೆ ಗೇಮ್ ಇಟ್ಟೆ, ಅವ್ವ ಆ ಕೈಯನ್ನು ಜೋಳಿಗೆಯಿಂದ ತೆಗೆದು, ಮುದ್ದಿಟ್ಟು, ಗುಂಡಿಯ ಮೇಲಿಟ್ಟಳು. ಪಾಸ್ಟರು ಸಣ್ಣ ಪ್ರಾರ್ಥನೆ ಮಾಡಿದರು, ಒಳ್ಳೆಯ ಮನುಷ್ಯ, ಮುಜುಗರ ಪಡುತ್ತ ಮಾಡಿದರು. ಪುಟ್ಟ ಪರದೆ, ಪಕ್ಕದಲ್ಲಿ ಕೂತವರಿಗಷ್ಟೇ ಕಾಣುವುದು, ಉಳಿದವರು ಅವ್ವನ ಮುಖ ನೋಡಿ ಆಟ ತಿಳಿಯಬೇಕು, ಆ ಮುಖ ಮೊದಲು ಹೊಳೆಯಿತು, ಆಮೇಲೆ ಕಪ್ಪಿಟ್ಟಿತು. ಹೆಬ್ಬೆರಳು ಮಿಸುಕಿತು, ಕತ್ತಿ ಒಮ್ಮೆ ಬೀಸಿತು, ಇನ್ನೊಮ್ಮೆ ಬೀಸುವಷ್ಟರಲ್ಲಿ ಮೂರು ತಲೆಯ ರಾಕ್ಷಸ ಸಣ್ಣ ಮನುಷ್ಯನನ್ನು ತುಳಿದ. ಮತ್ತೆ ಶುರು, ಮತ್ತೆ ತುಳಿದ. ಮತ್ತೆ. ಕ್ಯಾಲೆಬನ ಹಣೆಯಲ್ಲಿ ಬೆವರು, ಯಾರೋ ಕೆಮ್ಮಿದರು, ಅಪ್ಪ ಕನ್ನಡಕ ತೆಗೆದು ಒರೆಸಿಕೊಂಡ, ಇನ್ನೇನು ಮುಗಿಯಿತು, ಅಳು ತಮ್ಮಾ, ಅತ್ತುಬಿಡು, ಅಂತ ನಾನು ಒಳಗೆ ಬೇಡಿಕೊಳ್ಳುತ್ತಿದ್ದೆ — ಅವನು ಅಳಲಿಲ್ಲ, ತಲೆಯೆತ್ತಿ ನನ್ನನ್ನು ನೋಡಿದ, ಗಂಜಿನಲ್ಲಿ ನೋಡಿದ್ದನಲ್ಲ, ಅದೇ ಕಣ್ಣು. ಇದಕ್ಕ ಅಕ್ಕನ ಕೈ ತಾಗ್ಯಾದರಿ, ಅಂದ, ಎಲ್ಲರಿಗೂ ಕೇಳುವ ಹಾಗೆ. ಬ್ಯಾರೆಯವನ ಬೆನ್ನು ಹತ್ತಿದಾಕಿನ ಮನ್ಯಾಗ ಇಟ್ಕೊಂಡು ಗುರುತು ಕೇಳಿದ್ರ ದೇವ್ರು ಹ್ಯಾಂಗ ಕೊಡ್ತಾನರಿ.

ಎಲ್ಲ ಮುಖಗಳೂ ತಿರುಗಿದವು. ಬ್ಯಾಡ್ರಿ ತಮ್ಮಾ, ಹಂಗನಬಾರ್ದು, ಅಂದರು ಪಾಸ್ಟರು, ಅವರ ಮಾತು ಯಾರಿಗೆ ಬೇಕು, ಅವ್ವನಿಗೆ ದಾರಿ ಸಿಕ್ಕಿತ್ತು, ಸೋಲಿಗೆ ಕಾರಣ ಸಿಕ್ಕಿತ್ತು, ಪರ್ಲಾ, ಮೊಣಕಾಲೂರು, ಕೂಸಿಗಿ ಕ್ಷಮಾ ಕೇಳು, ನಿನ್ನ ಕಾಲು ಬೀಳ್ತೇನಿ, ಅಂದಳು. ಊರಿದೆ. ಜಮಖಾನದ ಮೇಲೆ, ಓಣಿಯ ಹೆಂಗಸರ ನಡುವೆ, ಹೊಡೆಸಿಕೊಂಡವಳು ಹೊಡೆದವನ ಮುಂದೆ ಊರಿದೆ, ತಲೆ ಬಗ್ಗಿಸಿದೆ, ಎರಡೂ ಕೈಗಳಿಂದ ಅವನ ತೊಡೆಯ ಮೇಲಿನ ಗೇಮನ್ನು ಹಿಡಿದುಕೊಂಡೆ, ನೋಡುವವರಿಗೆ ಪ್ರಾರ್ಥನೆ ಅನ್ನಿಸಿರಬೇಕು. ಕ್ಷಮಿಸು ತಮ್ಮಾ, ಅಂದೆ, ಎರಡು ಗುಂಡಿ ಒಟ್ಟಿಗೆ ಒತ್ತಿದೆ. ಚಾಲೂ. ಇನ್ನ ಆಡು. ಎದ್ದು ಗೋಡೆಗೆ ಒರಗಿದೆ, ತುಟಿಯ ಗಂಟನ್ನು ನಾಲಗೆಯಿಂದ ಮುಟ್ಟಿಕೊಂಡೆ, ಬೀಳು, ಬೀಳು ರಾಕ್ಷಸಾ, ಬಿದ್ದ, ಒಂದು ತಲೆ, ಎರಡನೆಯದು, ಮೂರನೆಯದು, ಅವ್ವ ಚೀರಿದಳು, ಹೆಂಗಸರು ಎದ್ದುನಿಂತು ಸ್ತೋತ್ರ ಸ್ತೋತ್ರ ಅಂದರು, ಅವ್ವ ಬಂದು ನನ್ನನ್ನು ತಬ್ಬಿಕೊಂಡಳು, ಎಷ್ಟು ವರ್ಷದ ಮೇಲೆ ತಬ್ಬಿಕೊಂಡಳೋ, ನಿನ್ನ ಪಾಪ ಹೋಯ್ತವ್ವಾ ಪರ್ಲಾ, ಕೂಸಿನ ಕೈ ಬಂತು, ಅವಳ ಕಣ್ಣೀರು ನನ್ನ ಕೊರಳಿಗೆ ಇಳಿಯುತ್ತಿದೆ, ಬಿಸಿಯಾಗಿದೆ, ನನಗೆ ಏನೂ ಆಗುತ್ತಿಲ್ಲ. ಹೇಳಬಹುದು, ಈಗಲೂ ಹೇಳಬಹುದು, ಬಾಯಿ ತೆರೆದರೆ ಸಾಕು. ಅಪ್ಪ ಮೂಲೆಯಲ್ಲಿ ಫೋನು ಕಿವಿಗೆ ಒತ್ತಿಕೊಂಡಿದ್ದಾನೆ, ಈ ಸಲ ಮಾತ್ರ ಒಂದು ಮಾತೂ ಹಿಂದೆ ಬೀಳದೆ, ಹೌದರಿ, ಸೋಮವಾರದ್ದು, ಕ್ಯಾಲೆಬ ಯೇಸಪ್ಪ, ನಮಗ ಬ್ಯಾಡರಿ, ಆ ಹಾಸಿಗಿ ಬ್ಯಾರೆ ಯಾರಿಗಾದ್ರೂ ಕೊಡ್ರಿ. ಕ್ಯಾಲೆಬ ತಲೆ ಹಿಂದಕ್ಕೆ ಚೆಲ್ಲಿ ನಗುತ್ತಿದ್ದಾನೆ, ಬಾಯಿ ತುಂಬ ಹಲ್ಲು, ತೊಡೆಯನ್ನು ಅವನು ನೋಡುತ್ತಿಲ್ಲ, ಯಾರೂ ನೋಡುತ್ತಿಲ್ಲ, ಅಲ್ಲಿ ಹೆಬ್ಬೆರಳು ಗುಂಡಿಯ ಮೇಲೆ ಬಿದ್ದುಕೊಂಡಿದೆ, ಒತ್ತುತ್ತಿಲ್ಲ, ಮಿಸುಕುತ್ತಿಲ್ಲ, ಬರೀ ಬಿದ್ದಿದೆ, ಉಗುರು ನೀಲಿ, ರಾಕ್ಷಸ ಸತ್ತು ಎಷ್ಟೋ ಹೊತ್ತಾಯಿತು, ಎದುರಿಗೆ ಯಾರೂ ಇಲ್ಲ, ಸಣ್ಣ ಮನುಷ್ಯ ಗಾಳಿಗೆ ಕತ್ತಿ ಬೀಸುತ್ತಿದ್ದಾನೆ, ಹೇಳು ಪರ್ಲ, ಬೀಸುತ್ತಿದ್ದಾನೆ, ಬೆರಳು ಬಿದ್ದಿದೆ, ಅಪ್ಪ ಫೋನು ಇಟ್ಟ, ಬೆರಳು ಬಿದ್ದಿದೆ, ಬೀಸುತ್ತಿದ್ದಾನೆ, ಬೀಸುತ್ತಿದ್ದಾನೆ